ಟಿಸಿಯೊಳಗೆ ನಡೆಯುವುದೇನು?

"ಟಿಸಿ ಸುಟ್ಟಿದೆ" ಎಂಬ ಮಾತು ಹುಮನಾಬಾದ್ ತಾಲೂಕಿನ ಘಾಟಬೋರಾಳದಂತಹ ಊರುಗಳ ಸಹೋದರಿಯರಿಗೆ ಹೊಸದಲ್ಲ. ಟಿಸಿ ಎಂದರೆ ಕಂಬದ ಮೇಲೆ ಕೂತಿರುವ ಟ್ರಾನ್ಸ್‌ಫಾರ್ಮರ್. ಅದು ಕೆಟ್ಟ ದಿನ ಮಿಕ್ಸರ್ ನಿಲ್ಲುತ್ತದೆ, ಬೋರ್‌ವೆಲ್ ನಿಲ್ಲುತ್ತದೆ, ಕೊಡ ಹೊರುವ ಕೆಲಸ ಹೆಣ್ಣುಮಕ್ಕಳ ಪಾಲಿಗೆ ಬರುತ್ತದೆ. ಆದರೆ ಆ ಡಬ್ಬದೊಳಗೆ ಏನಿದೆ ಎಂದು ವಿಚಾರಿಸಿದವರು ಕಡಿಮೆ.

ಅದರೊಳಗೆ ಕಬ್ಬಿಣದ ತಿರುಳಿಗೆ ಸುತ್ತಿದ ತಂತಿಯ ಸುರುಳಿಗಳು ಎಣ್ಣೆಯಲ್ಲಿ ಮುಳುಗಿವೆ. ಒಂದು ಕಡೆಯ ಸುರುಳಿಗೆ 11,000 ವೋಲ್ಟಿನ ಲೈನು ಬಂದು ಸೇರುತ್ತದೆ. ಇನ್ನೊಂದು ಕಡೆಯಿಂದ ನಮ್ಮ ಮನೆಗೆ 230 ವೋಲ್ಟ್ ಹೊರಡುತ್ತದೆ. ಸೋಜಿಗವೆಂದರೆ ಇವೆರಡರ ತಂತಿಗಳು ಒಂದಕ್ಕೊಂದು ತಾಗಿಯೇ ಇಲ್ಲ! ಹಾಗಾದರೆ ಕರೆಂಟು ದಾಟಿದ್ದು ಹೇಗೆ?

ಇದರ ಉತ್ತರ ಸಿಕ್ಕಿದ್ದು 1831ರ ಆಗಸ್ಟ್‌ನಲ್ಲಿ, ಲಂಡನ್ನಿನಲ್ಲಿ. ಮೈಕೆಲ್ ಫ್ಯಾರಡೆ ಕಮ್ಮಾರನ ಮಗ. ಶಾಲೆಯ ಓದು ಅಷ್ಟಕ್ಕಷ್ಟೇ. ಪುಸ್ತಕಕ್ಕೆ ರಟ್ಟು ಕಟ್ಟುವ ಕೆಲಸಕ್ಕೆ ಸೇರಿ, ಕಟ್ಟಲು ಬಂದ ಪುಸ್ತಕಗಳನ್ನೇ ಓದಿ ಕಲಿತವರು. ಅವರು ಒಂದು ಕಬ್ಬಿಣದ ಬಳೆಗೆ ಎರಡು ಸುರುಳಿ ಸುತ್ತಿ, ಒಂದಕ್ಕೆ ಬ್ಯಾಟರಿ ಜೋಡಿಸಿದರು. ಜೋಡಿಸಿದ ಕ್ಷಣ ಇನ್ನೊಂದರ ಬಳಿಯಿದ್ದ ಸೂಜಿ ಅಲುಗಿತು, ನಂತರ ಸುಮ್ಮನಾಯಿತು. ಬ್ಯಾಟರಿ ತೆಗೆದಾಗ ಮತ್ತೆ ಅಲುಗಿತು. ಅಂದರೆ ಅಯಸ್ಕಾಂತ ಶಕ್ತಿ ಇದ್ದರೆ ಸಾಲದು, ಅದು ಬದಲಾಗುತ್ತಿರಬೇಕು. ಹಳೆಯ ಸೈಕಲ್ಲಿನ ಡೈನಮೊ ನೆನಪಿಸಿಕೊಳ್ಳಿ. ಚಕ್ರ ನಿಂತರೆ ದೀಪವೂ ಆರುತ್ತಿತ್ತು. ಅಯಸ್ಕಾಂತವೇನೋ ಒಳಗೇ ಇತ್ತು, ತಿರುಗುತ್ತಿರಲಿಲ್ಲ ಅಷ್ಟೆ.

ನಮ್ಮ ಮನೆಯ ಕರೆಂಟು ಸೆಕೆಂಡಿಗೆ 50 ಆವರ್ತನೆಯಂತೆ ಹಿಂದೆ ಮುಂದೆ ಹರಿಯುತ್ತದೆ. ಆದ್ದರಿಂದ ಟಿಸಿಯೊಳಗಿನ ಅಯಸ್ಕಾಂತ ಕ್ಷೇತ್ರಕ್ಕೆ ಬಿಡುವೇ ಇಲ್ಲ. ಸುತ್ತು ಹೆಚ್ಚಿರುವ ಕಡೆ ವೋಲ್ಟ್ ಹೆಚ್ಚು, ಕಡಿಮೆ ಇರುವ ಕಡೆ ಕಡಿಮೆ. ಇದೇ ಉಪಾಯದಿಂದ ವೋಲ್ಟ್ ಏರಿಸಿ 1902ರಲ್ಲಿ ಶಿವನಸಮುದ್ರದ ವಿದ್ಯುತ್ತನ್ನು ದೂರದ ಕೋಲಾರದ ಚಿನ್ನದ ಗಣಿಗೆ ಮುಟ್ಟಿಸಿದ್ದು.

ಇಂಡಕ್ಷನ್ ಒಲೆಯೂ ಇದೇ ಕುಟುಂಬದ್ದು. ಒಲೆಯ ಸುರುಳಿ ಪಾತ್ರೆಯ ತಳದಲ್ಲೇ ಕರೆಂಟು ಹುಟ್ಟಿಸಿ ಅದನ್ನು ಕಾಯಿಸುತ್ತದೆ. ಅಯಸ್ಕಾಂತ ಕಚ್ಚಿಕೊಳ್ಳದ ಬರೀ ಅಲ್ಯೂಮಿನಿಯಂ ಪಾತ್ರೆ ಅದರ ಮೇಲೆ ಕಾಯುವುದಿಲ್ಲ. ಪೇಟೆಗೆ ಹೋಗುವಾಗ ಚೀಲದಲ್ಲೊಂದು ಚಿಕ್ಕ ಅಯಸ್ಕಾಂತ ಇಟ್ಟುಕೊಳ್ಳಿ, ಅಂಗಡಿಯವರ ಮಾತಿಗಿಂತ ಅದು ಮೇಲು.

ಈಗ ಮುಖ್ಯ ವಿಷಯ. ಟಿಸಿಗೆ ಎತ್ತ ಕಡೆಯಿಂದ ಬಂದ ಕರೆಂಟು ಎಂಬ ಭೇದವಿಲ್ಲ. ಶಾದಿ ಮನೆಯಲ್ಲಿ ಕರೆಂಟು ಹೋದಾಗ ಬಾಡಿಗೆ ಜನರೇಟರಿನ ವಯರನ್ನು ನೇರವಾಗಿ ಗೋಡೆಯ ಪ್ಲಗ್ಗಿಗೆ ಚುಚ್ಚುವವರಿದ್ದಾರೆ. ಮೇನ್ ಸ್ವಿಚ್ ತೆಗೆಯಲು ಮರೆತರೆ ಆ 230 ವೋಲ್ಟ್ ಕಂಬ ಹತ್ತಿ, ಟಿಸಿಯೊಳಗೆ ತಿರುವುಮುರುವಾಗಿ, ಸುಮಾರು ಹತ್ತು ಸಾವಿರ ವೋಲ್ಟಿಗೆ ಏರಬಲ್ಲದು. ಲೈನು ಬಂದ್ ಇದೆ ಎಂದು ನಂಬಿ ಯಾರದೋ ಮನೆಯ ಮಗ, ಲೈನ್‌ಮ್ಯಾನ್, ಮೈಲಿ ದೂರದ ಕಂಬದ ಮೇಲೆ ಕೈಯಿಟ್ಟಿರುತ್ತಾನೆ. ನಮ್ಮ ಮನೆಯಲ್ಲಿ ದೀಪ ಹೊತ್ತಿರುತ್ತದೆ, ಯಾರಿಗೂ ಗೊತ್ತಾಗುವುದಿಲ್ಲ.

ಇದಕ್ಕಾಗಿಯೇ ಚೇಂಜ್‌ಓವರ್ ಸ್ವಿಚ್ ಇದೆ. ಅದರ ಹಿಡಿ ಒಂದೋ ಲೈನಿನ ಕಡೆ, ಇಲ್ಲವೇ ಜನರೇಟರಿನ ಕಡೆ. ಎರಡೂ ಒಟ್ಟಿಗೆ ಸೇರಲು ಬಿಡುವುದಿಲ್ಲ. ಪೆಂಡಾಲಿನವರು ಬಂದಾಗ ಗಂಡಸರು ಕೇಳದಿದ್ದರೆ ನೀವೇ ಕೇಳಿ: "ಚೇಂಜ್‌ಓವರ್ ಎಲ್ಲಿ ಹಾಕಿದ್ದೀರಿ?" ಇಲ್ಲ ಎಂದರೆ, ಪೆಂಡಾಲಿನ ದೀಪಗಳನ್ನು ಮನೆಯ ವಯರಿಂಗಿಗೆ ಸೇರಿಸದೆ ಜನರೇಟರಿನಿಂದಲೇ ಬೇರೆ ಎಳೆಯಲು ಹೇಳಿ.