ಬಡ್ತಿ ಬರುವಷ್ಟರಲ್ಲಿ ನೌಕರ ಮನೆಗೆ

ಕರೂರಿನಲ್ಲಿ ಸಿರುಗುಪ್ಪದ ಬಸ್ಸು ಹತ್ತುವ ರೈತನಿಗಾಗಲಿ, ಅಂಗಡಿ ಕಾಗದಪತ್ರ ಕಂಕುಳಲ್ಲಿಟ್ಟು ಬಳ್ಳಾರಿಗೆ ಹೊರಟ ವ್ಯಾಪಾರಿಗಾಗಲಿ ಸರ್ಕಾರಿ ನೌಕರರ ಬಡ್ತಿ ಜಗಳ ಬೇಡದ ಸುದ್ದಿ. "ತಿಂಗಳಾ ಪಗಾರ ಬರ್ತೈತಿ, ಬಡ್ತಿ ಸಿಕ್ರೇನು ಬಿಟ್ರೇನು?" ಎನ್ನುವವರೇ ಹೆಚ್ಚು. ಆದರೆ ಕಚೇರಿ ಬಾಗಿಲಲ್ಲಿ "ಸಾಹೇಬ್ರು ಇನ್‌ಚಾರ್ಜ್ ಅದಾರ, ಇವತ್ತು ಆ ಕಡಿ ಆಫೀಸಿಗೆ ಹೋಗ್ಯಾರ, ನಾಳೆ ಬರ್ರಿ" ಎಂಬ ಮಾತು ಕಿವಿಗೆ ಬಿದ್ದಾಗ ಅದೇ ರೈತ ಎರಡನೇ ಸಲ ಬಸ್ ಚಾರ್ಜು ತೆರಬೇಕಾಗುತ್ತದೆ. ಬಡ್ತಿ ಜಗಳದ ಖರ್ಚಿನಲ್ಲಿ ಅವನದೂ ಪಾಲಿದೆ.

ಈ ಇನ್‌ಚಾರ್ಜ್ ಹುಟ್ಟುವುದು ಹೇಗೆ? ಮೇಲಿನ ಹುದ್ದೆ ಖಾಲಿ. ಕೆಳಗೆ ಅರ್ಹರಿದ್ದಾರೆ. ನಡುವೆ ಇರಬೇಕಾದ್ದು ಒಂದು ಜ್ಯೇಷ್ಠತಾ ಪಟ್ಟಿ. ಅದನ್ನು ಮಾಡುವುದಕ್ಕೆ 1957ರ ನಿಯಮಗಳಿವೆ. ಮೊದಲು ತಾತ್ಕಾಲಿಕ ಪಟ್ಟಿ, ಆಮೇಲೆ ಆಕ್ಷೇಪಣೆ, ನಂತರ ಅಂತಿಮ ಪಟ್ಟಿ. ಅದಾದ ಮೇಲೆ ಇಲಾಖಾ ಮುಂಬಡ್ತಿ ಸಮಿತಿ ಕೂರಬೇಕು. ಪಟ್ಟಿ ಕಪಾಟಿನಲ್ಲಿ ಮಲಗಿದರೆ ಸಮಿತಿಯೂ ಇಲ್ಲ, ಬಡ್ತಿಯೂ ಇಲ್ಲ. ಆಗ ಸೇವಾ ನಿಯಮಾವಳಿಯ 32ನೇ ನಿಯಮ ಕೈಗೆ ಬರುತ್ತದೆ. ಕೆಳಗಿನವರನ್ನೇ ಮೇಲಿನ ಕುರ್ಚಿಯ ಪ್ರಭಾರದಲ್ಲಿ ಕೂರಿಸಿದರಾಯಿತು. ಕೆಲಸ ಮೇಲಿನದು, ಹುದ್ದೆ ಮಾತ್ರ ಹಳೆಯದೇ.

ಪಟ್ಟಿ ಎಷ್ಟು ಅಲುಗಾಡಬಹುದು ಎಂಬುದಕ್ಕೆ ಕರ್ನಾಟಕದ್ದೇ ದೊಡ್ಡ ಉದಾಹರಣೆ ಬಿ.ಕೆ. ಪವಿತ್ರ ಪ್ರಕರಣ. ಮೀಸಲಾತಿಯಲ್ಲಿ ಮೊದಲು ಬಡ್ತಿ ಪಡೆದವರು, ಆಮೇಲೆ ಅದೇ ಹುದ್ದೆಗೆ ಬಂದ ಹಳಬರಿಗಿಂತ ಪಟ್ಟಿಯಲ್ಲಿ ಮುಂದೆಯೇ ಉಳಿಯಬೇಕೋ ಬೇಡವೋ ಎಂಬುದು ಅಲ್ಲಿನ ಪ್ರಶ್ನೆ. ಉಳಿಯಬೇಕು ಎಂದು ರಾಜ್ಯ 2002ರಲ್ಲಿ ಕಾಯ್ದೆ ಮಾಡಿತು. ಪ್ರಾತಿನಿಧ್ಯ ಕಡಿಮೆ ಎಂಬುದಕ್ಕೆ ಅಂಕಿ ಅಂಶ ಕೊಟ್ಟಿಲ್ಲವೆಂದು 2017ರ ಫೆಬ್ರವರಿ 9ರಂದು ಸುಪ್ರೀಂ ಕೋರ್ಟ್ ಅದರ ಮುಖ್ಯ ಕಲಮುಗಳನ್ನು ತೆಗೆದುಹಾಕಿತು. ಪಟ್ಟಿ ತಿರುಗಿ ಬರೆಯಬೇಕಾಯಿತು. ಸರ್ಕಾರ ರತ್ನಪ್ರಭಾ ಸಮಿತಿಯಿಂದ ಅಂಕಿ ಅಂಶ ತರಿಸಿ 2018ರಲ್ಲಿ ಹೊಸ ಕಾಯ್ದೆ ತಂದಿತು. 2019ರ ಮೇ 10ರಂದು ಅದೇ ಕೋರ್ಟು ಅದನ್ನು ಎತ್ತಿಹಿಡಿಯಿತು. ಮೀಸಲಾತಿ ಪಡೆದವರ ಹಕ್ಕೂ ನಿಜ, ಹಳಬರ ಸಂಕಟವೂ ನಿಜ. ತಪ್ಪು ಯಾರದು ಎಂದರೆ, 2017ರ ನಂತರ ತಂದ ಅಂಕಿ ಅಂಶವನ್ನು 2002ರಲ್ಲೇ ತರದವರದು. ಊರು ಕೊಳ್ಳೆ ಹೊಡೆದ ಮೇಲೆ ಕೋಟೆ ಬಾಗಿಲು ಹಾಕಿದ ಹಾಗಾಯಿತು.

ಬಳ್ಳಾರಿ ಸೀಮೆಗೆ ಇನ್ನೊಂದು ಗಂಟಿದೆ. ಸಂವಿಧಾನದ 371 (ಜೆ) ಕಲಮಿನ ಅಡಿ 2013ರಲ್ಲಿ ಬಂದ ಆದೇಶದಿಂದ ಇಲ್ಲಿ ಸ್ಥಳೀಯ ವೃಂದ ಎಂಬುದು ಬೇರೆಯಾಯಿತು. 'ಸಿ' ಗುಂಪಿನಲ್ಲಿ ಶೇ. 80, 'ಡಿ' ಗುಂಪಿನಲ್ಲಿ ಶೇ. 85 ಹುದ್ದೆ ಈ ಭಾಗದವರಿಗೆ. ಬಹುದಿನದ ಬೇಡಿಕೆ ಈಡೇರಿದ್ದು ಒಳ್ಳೆಯದೇ. ಆದರೆ ವೃಂದ ಬೇರೆಯಾದ ಮೇಲೆ ಪಟ್ಟಿಯನ್ನೂ ಇನ್ನಷ್ಟು ಹುಷಾರಾಗಿ ಬರೆಯಬೇಕು.

ಪಟ್ಟಿ ತಪ್ಪಿದರೆ ನೌಕರ ಮಾಡುವುದೇನು? ಮೊದಲು ಮನವಿ. ಉತ್ತರ ಬರದಿದ್ದರೆ ಆರು ತಿಂಗಳು ಕಾದು, ಅಲ್ಲಿಂದ ಒಂದು ವರ್ಷದೊಳಗೆ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು. 1985ರ ಕಾಯ್ದೆಯಡಿ ಮರುವರ್ಷ ರಾಜ್ಯದಲ್ಲಿ ಈ ಮಂಡಳಿ ಶುರುವಾದದ್ದೇ ನೌಕರರ ಕೇಸು ಬೇಗ ಮುಗಿಯಲಿ ಅಂತ. 1997ರ ಸುಪ್ರೀಂ ಕೋರ್ಟ್ ತೀರ್ಪಿನ ನಂತರ ಮಂಡಳಿಯ ಆದೇಶದ ಮೇಲೆ ಹೈಕೋರ್ಟಿಗೂ ಹೋಗಬಹುದು, ಬಳ್ಳಾರಿಯವರಿಗೆ ಅಂದರೆ ಧಾರವಾಡ ಪೀಠಕ್ಕೆ. ಅಲ್ಲಿಂದ ಮುಂದೆ ದಿಲ್ಲಿ. ಮೆಟ್ಟಿಲು ಮೂರು. ಗುಮಾಸ್ತನ ವಯಸ್ಸು ಮಾತ್ರ ಯಾವ ಮೆಟ್ಟಿಲಲ್ಲೂ ನಿಲ್ಲುವುದಿಲ್ಲ. 60 ತುಂಬಿದ ತಿಂಗಳ ಕೊನೆಗೆ ಹಾರ, ಶಾಲು, ಫೋಟೋ.

ಕಾನೂನು ಹೇಳುವುದು ಇಷ್ಟು: ಬಡ್ತಿಯೇ ಹಕ್ಕಲ್ಲ, ಬಡ್ತಿಗೆ ಪರಿಗಣಿಸಬೇಕೆಂದು ಕೇಳುವುದು ಹಕ್ಕು. ಹುದ್ದೆ ಖಾಲಿಯಾದ ದಿನದಿಂದಲೇ ಬಡ್ತಿ ಕೊಡಿ ಎನ್ನಲು ಬರುವುದಿಲ್ಲ. ಇದರ ಬಿಸಿ ಎಷ್ಟೆಂಬುದನ್ನು ಪಶ್ಚಿಮ ಬಂಗಾಳದ ಒಬ್ಬ ಅಧಿಕಾರಿಯ ಕೇಸು ತೋರಿಸುತ್ತದೆ. ಅವರ ಬಡ್ತಿಗೆ ಶಿಫಾರಸು ಆಗಿತ್ತು. 2016ರ ಡಿಸೆಂಬರ್ 31ಕ್ಕೆ ನಿವೃತ್ತಿಯೂ ಆಯಿತು. ಕೊನೆಯ ಒಪ್ಪಿಗೆ ಬಂದದ್ದು 2017ರ ಜನವರಿ 4ರಂದು. ಕಾಗದದ ಮೇಲಾದರೂ ಬಡ್ತಿ ಕೊಡಿ ಎಂದು ಕೆಳಗಿನ ನ್ಯಾಯಾಲಯಗಳು ಹೇಳಿದವು. 2024ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟ್ ಅದನ್ನೂ ಒಪ್ಪಲಿಲ್ಲ. ಮೇಲಿನ ಹುದ್ದೆಯಲ್ಲಿ ಒಂದು ದಿನವೂ ಕೂರದವರಿಗೆ ಅದರ ಲಾಭ ಇಲ್ಲ ಎಂದಿತು. ನಾಲ್ಕೇ ದಿನದಲ್ಲಿ ಪಿಂಚಣಿಯ ಲೆಕ್ಕವೇ ತಪ್ಪಿಹೋಯಿತು.

"ಕೇಸು ಕೋರ್ಟಿನಾಗ ಐತಿ, ನಾವೇನು ಮಾಡೋಣ?" ಎಂಬುದು ಕಚೇರಿಗಳ ಸಿದ್ಧ ಉತ್ತರ. ತಡೆಯಾಜ್ಞೆ ಇಲ್ಲದಿದ್ದರೆ ಕೇಸಿನ ತೀರ್ಪಿಗೆ ಒಳಪಟ್ಟು ಎಂದು ಬರೆದು ಬಡ್ತಿ ಕೊಡಲು ಅಡ್ಡಿಯಿಲ್ಲ. ಹತ್ತು ವರ್ಷ ಒಂದೇ ಹುದ್ದೆಯಲ್ಲಿ ಕೂತವರಿಗೆ ಕಾಲಮಿತಿ ವೇತನ ಬಡ್ತಿ ಇದೆಯಲ್ಲ ಎನ್ನುವವರೂ ಉಂಟು. ಅದು ನೌಕರನ ಜೇಬಿಗೆ ಸ್ವಲ್ಪ ಸಮಾಧಾನ ಅಷ್ಟೇ, ಖಾಲಿ ಕುರ್ಚಿ ತುಂಬುವುದಿಲ್ಲ.

ಆದ್ದರಿಂದ ಮದ್ದು ಕೋರ್ಟಿನಲ್ಲಿಲ್ಲ, ಕಪಾಟಿನಲ್ಲಿದೆ. ವರ್ಷಕ್ಕೊಮ್ಮೆ ಪಟ್ಟಿ ಹೊರಗೆ ಬರಲಿ, ನೋಟಿಸ್ ಬೋರ್ಡಿಗೆ ಅಂಟಲಿ, ಆಕ್ಷೇಪಣೆಗೆ ಗಡುವಿನೊಳಗೆ ಉತ್ತರ ಸಿಗಲಿ. ಯಾರು ಯಾವ ತಿಂಗಳು ನಿವೃತ್ತರಾಗುತ್ತಾರೆ ಎಂಬುದು ಅವರು ನೌಕರಿಗೆ ಸೇರಿದ ದಿನವೇ ಸೇವಾ ಪುಸ್ತಕದಲ್ಲಿ ಬರೆದಿರುತ್ತದೆ. ಅದನ್ನು ತೆರೆದು ನೋಡುವುದಕ್ಕೆ ದಿಲ್ಲಿಯ ಅಪ್ಪಣೆ ಬೇಕಿಲ್ಲ. ಅಷ್ಟು ಮಾಡಿದರೆ ಕರೂರಿನ ರೈತನಿಗೆ ಎರಡನೇ ಟಿಕೆಟ್ಟಾದರೂ ಉಳಿದೀತು.