ಪಾಣಾರರು ಬಹುಮುಖ ಪ್ರತಿಭೆ ಅಲ್ದಾ?

ಕೆರಾಡಿಯ ರಿಷಬ್ ಶೆಟ್ಟಿ ‘ಕಾಂತಾರ’ ಬರೆದು, ನಿರ್ದೇಶಿಸಿ, ನಟಿಸಿದರು. 2024ರಲ್ಲಿ ಆ ನಟನೆಗೆ ರಾಷ್ಟ್ರಪ್ರಶಸ್ತಿ ಘೋಷಣೆಯಾಯ್ತು. ‘ಪೆದ್ರೊ’, ‘ಶಿವಮ್ಮ’ದಂಥ ಸ್ವತಂತ್ರ ಸಿನಿಮಾಗಳನ್ನೂ ನಿರ್ಮಿಸಿದರು. ಬಹುಮುಖ ಪ್ರತಿಭೆ, ಒಪ್ಪಿದೆ. ಅವರ ಶ್ರಮದ ಮೇಲೆ ನನ್ನ ತಕರಾರಿಲ್ಲ.

ಆದರೆ ನಮ್ಮ ಬೈಂದೂರು, ಕುಂದಾಪುರ, ಬ್ರಹ್ಮಾವರದ ಪಾಣಾರರು ಒಂದೇ ರಾತ್ರಿ ಬಣ್ಣ ಬರೀತಾರೆ, ತೆಂಗಿನ ಸಿರಿ ಕಟ್ತಾರೆ, ಹಾಡಿ ಕುಣಿದು ನುಡಿ ಕೊಡ್ತಾರೆ. ಅದಕ್ಕೆ ಮಾತ್ರ ‘ಕುಲಕಸುಬು’ ಅಂಬ್ರ್! ದೈವಕ್ಕೆ ಕೈಮುಗಿದವರೇ, ಬಣ್ಣ ತೊಳೆದ ಮೇಲೆ ಆ ಮನುಷ್ಯನಿಗೆ ಅಂಗಳದಾಚೆ ಎಲೆ ಹಾಕಿದ್ದನ್ನು ನಾನೇ ಕಂಡಿದ್ದೇನೆ.

60 ದಾಟಿದ ದೈವನರ್ತಕರಿಗೆ ತಿಂಗಳಿಗೆ 2,000 ರೂಪಾಯಿ ಅಂತ ಸರ್ಕಾರ ಹೇಳಿದ್ದೂ ‘ಕಾಂತಾರ’ ಓಡಿದ ಮೇಲೆ, 2022ರ ಅಕ್ಟೋಬರ್‌ನಲ್ಲಿ. ಅಷ್ಟು ವರ್ಷ ಯಾರಿಗೂ ಕಾಣ್ಲಿಲ್ವಾ?

ಸಿನಿಮಾದವರೇ, ನಮ್ಮ ಹುಡುಗರನ್ನ ಹೆಜ್ಜೆ ಕಲಿಸುಕೆ ಮಾತ್ರ ಕರೀಬೇಡಿ. ಪಾತ್ರ ಕೊಡಿ, ಕತೆ ಬರೆಸಿ, ಸಂಭಾವನೆ ಕರಾರಿನಲ್ಲಿ ಬರೆದುಕೊಡಿ.