ಆಕಾಶಕ್ಕೂ ಗುತ್ತಿಗೆಯೇ?

ಕೊಳ್ಳೇಗಾಲದ ರೇಷ್ಮೆ ಕೆಲಸ ಮುಗಿಸಿ ಸಂಜೆ ಮನೆಗೆ ಬಂದ ಕಾರ್ಮಿಕನೂ, ಹನೂರಿನ ಸಂತೆಯಲ್ಲಿ ಗಂಟು ಕಟ್ಟಿ ಎದ್ದ ಸಣ್ಣ ವ್ಯಾಪಾರಿಯೂ ಟಿ.ವಿ.ಯ ಮುಂದೆ ಕೂರುವ ಮೊದಲು ತಿಂಗಳ ಹಣ ಕಟ್ಟಿರಬೇಕು. ಕಟ್ಟದಿದ್ದರೆ ಪರದೆ ಕಪ್ಪು. ಈ ಕಪ್ಪ ಯಾರಿಗೆ ಸಲ್ಲುತ್ತಿದೆ, ಏತಕ್ಕೆ ಸಲ್ಲುತ್ತಿದೆ ಎಂದು ನಾವು ಕೇಳುತ್ತೇವೆ.

ಟಿ.ವಿ. ಉಪಗ್ರಹ ಭೂಮಧ್ಯರೇಖೆಯ ಮೇಲೆ ಸುಮಾರು 36,000 ಕಿಲೋಮೀಟರ್ ಎತ್ತರದಲ್ಲಿದೆ. ಭೂಮಿ ಒಂದು ಸುತ್ತು ತಿರುಗುವಷ್ಟರಲ್ಲಿ ಅದೂ ಒಂದು ಸುತ್ತು ಬರುವುದರಿಂದ ನಮಗೆ ಅದು ನಿಂತಲ್ಲೇ ನಿಂತಂತೆ. ಆದ್ದರಿಂದಲೇ ಮಾಳಿಗೆಯ ಮೇಲಿನ ತಟ್ಟೆಯನ್ನು ಒಮ್ಮೆ ತಿರುಗಿಸಿಟ್ಟರೆ ಸಾಕು. ಆ ಉಪಗ್ರಹಕ್ಕೆ ದೆಹಲಿಯೂ ಒಂದೇ, ಯಳಂದೂರೂ ಒಂದೇ, ಬಿಳಿಗಿರಿರಂಗನ ಬೆಟ್ಟದ ಸೋಲಿಗರ ಪೋಡೂ ಒಂದೇ. ಭೇದ ಮಾಡುವುದು ಆಕಾಶವಲ್ಲ, ಆಳುವವರು.

ಮೊದಲು ಹೀಗಿರಲಿಲ್ಲ. 1975ರ ಆಗಸ್ಟ್ 1ರಿಂದ ಒಂದು ವರ್ಷ, ಅಮೆರಿಕದಿಂದ ಎರವಲು ಪಡೆದ ಎ.ಟಿ.ಎಸ್.-6 ಉಪಗ್ರಹದ ಮೂಲಕ ದೇಶದ 2,400 ಹಳ್ಳಿಗಳಿಗೆ ಕೃಷಿ, ಆರೋಗ್ಯ, ಮಕ್ಕಳ ಪಾಠಗಳು ಬಂದವು. ನಮ್ಮ ರಾಜ್ಯದಲ್ಲಿ ರಾಯಚೂರು, ಗುಲ್ಬರ್ಗಾ, ಬಿಜಾಪುರ ಜಿಲ್ಲೆಗಳು ಅದರಲ್ಲಿದ್ದವು. ಊರಿಗೊಂದು ಪೆಟ್ಟಿಗೆ, ಊರೆಲ್ಲ ಅದರ ಮುಂದೆ. ತುರ್ತು ಪರಿಸ್ಥಿತಿಯ ಆ ದಿನಗಳಲ್ಲಿ ಸರ್ಕಾರದ ತುತ್ತೂರಿಯೂ ಕೇಳಿತ್ತು ನಿಜ. ಆದರೆ ಉಪಗ್ರಹ ಹಳ್ಳಿಗಾಗಿ ಎಂಬ ಮಾತನ್ನು ಅಂದು ಯಾರೂ ಅಲ್ಲಗಳೆಯಲಿಲ್ಲ.

ನಮ್ಮ ಜಿಲ್ಲೆಗೂ ಒಂದು ಕಾಲ ಬಂತು. 2004ರ ಸೆಪ್ಟೆಂಬರ್ 20ರಂದು ಶ್ರೀಹರಿಕೋಟದಿಂದ ಮೇಲೇರಿದ ಎಡುಸ್ಯಾಟ್, ಶಿಕ್ಷಣಕ್ಕೆಂದೇ ಮೀಸಲಾದ ಉಪಗ್ರಹ. ಅದರ ಪ್ರಯೋಗಕ್ಕೆ ಚಾಮರಾಜನಗರ ಜಿಲ್ಲೆಯನ್ನೇ ಆರಿಸಿ, 885 ಪ್ರಾಥಮಿಕ ಶಾಲೆಗಳಿಗೆ ಬೆಂಗಳೂರಿನಿಂದ ಪಾಠ ಕಳುಹಿಸುವ ಏರ್ಪಾಡಾಯಿತು. 2010ರಲ್ಲಿ ಆ ಉಪಗ್ರಹದ ಆಯಸ್ಸು ಮುಗಿಯಿತು. ಕೆಲಸವನ್ನು ಬೇರೆ ಉಪಗ್ರಹಗಳಿಗೆ ಹಂಚಿದರು. ಶಿಕ್ಷಣಕ್ಕೆಂದೇ ಇನ್ನೊಂದನ್ನು ಮಾತ್ರ ಹಾರಿಸಲಿಲ್ಲ.

ಹಾರಿದ್ದು ಯಾವುದು? 2022ರ ಜೂನ್‌ನಲ್ಲಿ ಜಿಸ್ಯಾಟ್-24. ಕಟ್ಟಿದ್ದು ಇಸ್ರೋ, ಒಡೆತನ ಸರ್ಕಾರದ್ದೇ ಆದ ನ್ಯೂಸ್ಪೇಸ್ ಇಂಡಿಯಾ ಕಂಪನಿಯದು. 4,180 ಕಿಲೋ ತೂಕ, 24 ಟ್ರಾನ್ಸ್‌ಪಾಂಡರು, 15 ವರ್ಷದ ಬಾಳಿಕೆ. ಅದರ ಸಾಮರ್ಥ್ಯ ಪೂರ್ತಿ ಟಾಟಾ ಪ್ಲೇ ಕಂಪನಿಗೆ ಗುತ್ತಿಗೆ! ಶಾಲೆಗೆ ಒಂದು ಮೂಲೆಯೂ ಇಲ್ಲ, ಆಸ್ಪತ್ರೆಗೆ ಒಂದು ಮೂಲೆಯೂ ಇಲ್ಲ.

ಬೇಡಿಕೆ ಇದ್ದಲ್ಲಿಗೆ ಉಪಗ್ರಹ, ಗುತ್ತಿಗೆಯಿಂದ ಹಾಕಿದ ಹಣ ವಾಪಸು ಬರುತ್ತದೆ ಎಂದು ಅಧಿಕಾರಿಗಳು ವಾದಿಸುತ್ತಾರೆ. ಗಿರಾಕಿಯಿಲ್ಲದೆ ಖಾಲಿ ತಿರುಗುವುದಕ್ಕಿಂತ ಮೇಲು ಎಂಬ ಮಾತನ್ನು ನಾವೂ ಒಪ್ಪುತ್ತೇವೆ. ಕೊಂಡ ಕಂಪನಿಯ ಮೇಲೂ ನಮ್ಮ ಸಿಟ್ಟಿಲ್ಲ. ವ್ಯಾಪಾರಿ ವ್ಯಾಪಾರ ಮಾಡುತ್ತಾನೆ. ಆದರೆ ಹಣ ಎಣಿಸಿದವನದು ಮಾತ್ರ ಬೇಡಿಕೆ, ಪೋಡಿನ ಮಗುವಿನದು ಬೇಡಿಕೆಯಲ್ಲ ಎಂದು ತೀರ್ಮಾನಿಸಿದವರು ಯಾರು?

ಬೆಲೆಯ ಕಥೆಯೂ ಹೀಗೇ. 2019ರಲ್ಲಿ ಮೊದಲ 100 ವಾಹಿನಿಗಳ ಸಂಪರ್ಕ ಶುಲ್ಕಕ್ಕೆ ತೆರಿಗೆ ಬಿಟ್ಟು 130 ರೂಪಾಯಿ ಮಿತಿ ಹಾಕಿದರು. 2024ರಲ್ಲಿ ಆ ಮಿತಿಯನ್ನೇ ತೆಗೆದುಹಾಕಿದರು. ಸರ್ಕಾರಿ ಡಿ.ಡಿ. ಫ್ರೀ ಡಿಷ್‌ಗೆ ತಿಂಗಳ ಶುಲ್ಕವಿಲ್ಲ, ಚಂದನ ಅಲ್ಲಿ ಸಿಗುತ್ತದೆ. ಆದರೆ ಖಾಸಗಿ ವಾಹಿನಿಗಳ ಜಾಗ ಅಲ್ಲಿಯೂ ಹರಾಜಿಗೆ. ಹರಾಜಿನಲ್ಲಿ ಕನ್ನಡದ ಕೈ ಎಷ್ಟು ಮೇಲೇಳೀತು?

ಆದ್ದರಿಂದ ನಮ್ಮ ಒತ್ತಾಯ ಇಷ್ಟು. ಸರ್ಕಾರಿ ಸಂಸ್ಥೆ ಕಟ್ಟುವ ಪ್ರತಿ ಟಿ.ವಿ. ಉಪಗ್ರಹದಲ್ಲೂ ಶಾಲೆ, ಆಸ್ಪತ್ರೆಗಳಿಗೆ ಪಾಲು ಮೀಸಲಿಡಬೇಕು. ಫ್ರೀ ಡಿಷ್‌ನಲ್ಲಿ ಪ್ರತಿ ರಾಜ್ಯದ ಭಾಷೆಗೂ ಹರಾಜಿಲ್ಲದ ಜಾಗ ಇರಬೇಕು. ಸಂಪರ್ಕ ಶುಲ್ಕಕ್ಕೆ ಮತ್ತೆ ಮಿತಿ ಬರಬೇಕು. ನಮ್ಮ 885 ಶಾಲೆಗಳ ತಟ್ಟೆ, ಪೆಟ್ಟಿಗೆಗಳ ಗತಿ ಏನಾಯಿತೆಂದು ಶಿಕ್ಷಣ ಇಲಾಖೆ ಜನರ ಮುಂದೆ ಲೆಕ್ಕ ಒಪ್ಪಿಸಬೇಕು.

ಕೊನೆಯದನ್ನು ಕೇಳಲು ದೆಹಲಿಗೆ ಹೋಗಬೇಕಿಲ್ಲ. ಮುಂದಿನ ಗ್ರಾಮಸಭೆಗೆ ಹೋಗಿ, ಕೇಳಿ, ಉತ್ತರವನ್ನು ನಡವಳಿ ಪುಸ್ತಕದಲ್ಲಿ ಬರೆಸಿಯೇ ಎದ್ದು ಬನ್ನಿ. ನೆಲವನ್ನು ಉಳುವವನಿಗೆ ಕೊಡಿಸಲು ಹೋರಾಡಿದ ಜನ ನಾವು. ಆಕಾಶವನ್ನು ಗುತ್ತಿಗೆದಾರನಿಗೆ ಬಿಟ್ಟು ಸುಮ್ಮನಿರಲಾರೆವು.